ಫೈಲಿನ ಸರ್ವೀಸು

"ನನ್ನ ಗ್ರಾಚ್ಯುಟಿ ಏನಾಯ್ತು ಸಾರ್?"

"ಫೈಲು ಮೂವ್ ಆಗಿದೆ."

"ಎಲ್ಲಿಗೆ?"

"ಆ ಟೇಬಲ್ಲಿಂದ ಈ ಟೇಬಲ್ಲಿಗೆ. ನೀವು 2019ರಲ್ಲೇ ರಿಟೈರ್ ಆದಿರಿ, ಫೈಲಿಗಿನ್ನೂ ಸರ್ವೀಸಿದೆ."

"1972ರ ಕಾಯ್ದೆ ಪ್ರಕಾರ 30 ದಿನದೊಳಗೆ ಕೊಡಬೇಕಿತ್ತು."

"ಯಾವ ವರ್ಷದ 30 ದಿನ?"

(ಅಷ್ಟರಲ್ಲಿ ಚಹಾ ಬಂತು. ಸಾಹೇಬರಿಗೊಂದು, ಗುಮಾಸ್ತರಿಗೊಂದು. ನಿವೃತ್ತರಿಗೆ ಬೆಂಚು ಇದ್ದೇ ಇದೆ.)

"ಕಂಟ್ರೋಲಿಂಗ್ ಅಥಾರಿಟಿ ಬಡ್ಡಿ ಸಮೇತ ಕೊಡಿ ಅಂತ ಆದೇಶ ಮಾಡಿದೆಯಲ್ಲ?"

"ಅಪೀಲು ಹೋಗಿದ್ದೇವೆ."

"ಅಪೀಲಿಗೆ ಮೊದಲು ಗ್ರಾಚ್ಯುಟಿ ಮೊತ್ತ ಡಿಪಾಜಿಟ್ ಮಾಡಬೇಕು!"

"ಮಾಡಿದ್ದೇವೆ ಮಾರಾಯ್ರೇ. ನಿಮಗೆ ಕೊಡದೇ ಇರೋದಕ್ಕೇ ಅಷ್ಟೂ ದುಡ್ಡು ಕಟ್ಟಿದ್ದೇವೆ. ವಕೀಲರ ಫೀಸು ಬೇರೆ."

"ಅದೂ ಬಾಕಿಯೇ?"

"ಛೆ, ಅದು ಅಡ್ವಾನ್ಸು! ಅಂದಹಾಗೆ, ನಿಮ್ಮ ನೋ ಡ್ಯೂ ಸರ್ಟಿಫಿಕೇಟು ತಡೆಹಿಡಿದಿದೆ. 1998ರಲ್ಲಿ ತಗೊಂಡ ಸ್ಟೇಪ್ಲರ್ ವಾಪಸ್ ಬಂದಿಲ್ಲ."

"ಅದು ನಿಮ್ಮ ಕೈಯಲ್ಲೇ ಇದೆಯಲ್ಲ ಸಾರ್!"

"ಹಾಗಂತ ಬರೆದು ಕೊಡಿ. ಮೂರು ಪ್ರತಿ."