ಪೆರುಮಾಳ್ ಸಾರ್

ಭಾನುವಾರ ಬೆಳಿಗ್ಗೆ ಏಳಕ್ಕೆ ಹಲಸೂರು ಮೆಟ್ರೊ ನಿಲ್ದಾಣದ ಮೆಟ್ಟಿಲ ಬುಡದಲ್ಲಿ ಹದಿನೈದಿಪ್ಪತ್ತು ಜನ ಹೆರಿಟೇಜ್ ವಾಕ್‌ಗೆಂದು ಸೇರಿದ್ದರೆ, ಅವರಲ್ಲೊಬ್ಬರ ತಲೆ ಮೇಲೆ ಬಣ್ಣಬಣ್ಣದ ಉಣ್ಣೆ ಟೋಪಿ ಇದ್ದೇ ಇರುತ್ತದೆ. ಕಿವಿ ಮುಚ್ಚುವ ಎರಡು ಎಸಳು, ಎರಡೂ ಕಡೆ ಜಡೆಯಂತೆ ಇಳಿಬಿದ್ದ ದಾರ, ನೆತ್ತಿಯ ಮೇಲೊಂದು ಕುಚ್ಚು. ನಮ್ಮಲ್ಲಿ ಕೂಸುಗಳಿಗೆ ಹಾಕುವ ಕುಲಾವಿಯೇ, ಅಳತೆ ಮಾತ್ರ ಅರವತ್ತೇಳು ವರ್ಷದವರದು. ಹಾಗಂದರೆ ಸಾರ್‌ಗೆ ಸಿಟ್ಟು.

“ಕುಲಾವಿ ಅಲ್ಲ ಕಣ್ರೀ, ಚುಯೊ. ಪೆರು ದೇಶದ್ದು. ಪ್ಯೂರ್ ಬೇಬಿ ಅಲ್ಪಾಕಾ.”

“ಬೇಬಿ ಅಂತ ಅವರೇ ಒಪ್ಕೊಂಡ್ರಲ್ಲ,” ಎಂದು ಅವರ ಹೆಂಡತಿ ನಮ್ಮ ಕಡೆ ತಿರುಗಿ ಮೆಲ್ಲಗೆ ಹೇಳುತ್ತಾರೆ. ಅವರು ಇಂದಿರಾನಗರದ ನಮ್ಮ ಕ್ರಾಸಿಗೆಲ್ಲ ಆಂಟಿ.

ಸಾರ್ ಹೆಸರು ಹೇಳಿದರೆ ಅವರಿಗೆ ಬೇಜಾರಾಗುತ್ತದೆ, ಹೇಳದಿದ್ದರೆ ಇನ್ನೂ ಬೇಜಾರಾಗುತ್ತದೆ. ಆದ್ದರಿಂದ ಅಡ್ಡಹೆಸರೇ ಕ್ಷೇಮ. ಅದನ್ನು ಇಟ್ಟವಳು ಸೋಮೇಶ್ವರ ದೇವಸ್ಥಾನದ ಮುಂದೆ ಹೂವು ಕಟ್ಟುವ ಹೆಂಗಸು. ಬಂದಾಗಲೆಲ್ಲ ಈ ಮನುಷ್ಯ “ಪೆರು, ಪೆರು” ಎನ್ನುವುದನ್ನು ಕೇಳಿ ಕೇಳಿ, ಪಾಪ ವಿಷ್ಣುಭಕ್ತರು, ಶಿವನ ಗುಡಿಗೆ ಬಂದರೂ ಬಾಯಲ್ಲಿ ಪೆರುಮಾಳೇ ಎಂದುಕೊಂಡಳು. ಮಲ್ಲಿಗೆ ಮೊಳ ಹಾಕುತ್ತಾ “ಪೆರುಮಾಳ್ ಸಾರ್ ಬಂದ್ರು” ಎಂದಳು. ಹೆಸರು ಕಚ್ಚಿಕೊಂಡಿತು.

ಇಂಥವರು ಹಿಂದೆಯೂ ಇದ್ದರು. ನಮ್ಮ ಅಜ್ಜನ ಕಾಲದಲ್ಲಿ ಕಾಶಿಗೆ ಹೋಗಿಬಂದವರಿದ್ದರು; ಗಂಗಾಜಲದ ತಂಬಿಗೆ, ಕಾಶಿದಾರ, ಜೊತೆಗೆ ಮುಗಿಯದ ಕಥೆ. ಆಮೇಲೆ ಮಗನ ಮನೆಗೆಂದು ನ್ಯೂಜೆರ್ಸಿಗೆ ಹೋಗಿಬಂದವರು ಶುರುವಾದರು. ಅದೂ ಹಳತಾಗಿ, ಯುರೋಪಿಗೆ ಬೀದಿಯವರೆಲ್ಲ ಹೋಗಿಬಂದ ಮೇಲೆ, ಇನ್ನೂ ಯಾರೂ ಕಾಲಿಡದ ಜಾಗ ಬೇಕಾಗಿ ಸಾರ್ ಇಂಕಾಗಳ ನಾಡನ್ನು ಹಿಡಿದರು. ಕಾಶಿಗೆ ಹೋದವರು ಒಂದು ತರಕಾರಿ ಬಿಟ್ಟು ಬರುತ್ತಿದ್ದರು. ಪೆರುವಿಗೆ ಹೋಗಿಬಂದವರು ಏನನ್ನೂ ಬಿಡುವುದಿಲ್ಲ, ಯಾರನ್ನೂ ಬಿಡುವುದಿಲ್ಲ.

ಎಚ್.ಎ.ಎಲ್.ನಲ್ಲಿ ಮೂವತ್ತನಾಲ್ಕು ವರ್ಷ ದುಡಿದು ನಿವೃತ್ತರಾದವರು. ಲೆಕ್ಕ ಪಕ್ಕಾ. ಅವರ ಲೆಕ್ಕವನ್ನೇ ಹಿಡಿದು ನಾನೊಮ್ಮೆ ಕೂಡಿ ಕಳೆದು ನೋಡಿದೆ. ಗ್ರೂಪ್ ಟೂರು ಒಂಬತ್ತು ದಿನದ್ದು. ಹೋಗಿಬರುವ ವಿಮಾನ, ಕಾಯುವ ಕುರ್ಚಿ ಸೇರಿ ನಾಲ್ಕು ದಿನ ಕಳೆಯಿರಿ. ಕುಸ್ಕೊ ಊರು 3,400 ಮೀಟರ್ ಎತ್ತರದಲ್ಲಿದೆ. ಇಳಿದ ಕೂಡಲೇ ಇಪ್ಪತ್ತನಾಲ್ಕು ಜನರಲ್ಲಿ ಹತ್ತೊಂಬತ್ತು ಜನರಿಗೆ ತಲೆಸುತ್ತು, ಹೋಟೆಲಿನವರು ಕೊಟ್ಟ ಕೋಕಾ ಎಲೆಯ ಕಷಾಯ ಕುಡಿದು ಇಡೀ ದಿನ ಹಾಸಿಗೆ. ಶಾಲು ಖರೀದಿಗೆ ಒಂದು ದಿನ. ಉಳಿದದ್ದರಲ್ಲಿ ಸಕ್ಸಾಯ್‌ವಮಾನ್ ಕೋಟೆಗೆ ನಲವತ್ತು ನಿಮಿಷ, ಅದರಲ್ಲಿ ಗ್ರೂಪ್ ಫೋಟೊಗೆ ಹದಿನೈದು. ಮಾಚು ಪಿಚುವಿನಲ್ಲಿ ಎರಡೂವರೆ ಗಂಟೆ, ಅದರಲ್ಲಿ ಒಂದು ಗಂಟೆ ಬರೀ ಮಂಜು. ಎಲ್ಲ ಸೇರಿ ಇಂಕಾ ಕಲ್ಲು ಕಣ್ಣಿಗೆ ಬಿದ್ದದ್ದು ಹೆಚ್ಚೆಂದರೆ ಆರು ಗಂಟೆ. ಆ ಆರು ಗಂಟೆಯ ಮೇಲೆ ಸಾರ್ ಮೂರು ವರ್ಷದಿಂದ ಮಾತಾಡುತ್ತಿದ್ದಾರೆ.

ಮಂಜಿನ ಫೋಟೊ ನಲವತ್ತಿವೆ. ಒಂದೊಂದನ್ನೂ ತೋರಿಸುತ್ತಾರೆ. ಫೋನಿನ ಪರದೆಯೆಲ್ಲ ಬೆಳ್ಳಗೆ, ಮೂಲೆಯಲ್ಲಿ ಯಾರದೋ ರೇನ್‌ಕೋಟಿನ ತೋಳು. “ಇದರ ಹಿಂದೆ ವಾಯ್ನಾ ಪಿಚು ಶಿಖರ ಇದೆ.” ಮುಂದಿನ ಬಿಳಿ ಫೋಟೊ. “ಇದರ ಹಿಂದೆ ಸೂರ್ಯ ದೇವಾಲಯ.”

“ನಂದಿಬೆಟ್ಟಕ್ಕೆ ಹೋಗಿದ್ರೂ ಇಷ್ಟೇ ಕಾಣ್ತಿತ್ತು,” ಎನ್ನುತ್ತಾರೆ ಆಂಟಿ.

ಆಂಟಿಯ ಪೆರು ಬೇರೆಯೇ. ಸೂಟ್‌ಕೇಸಿನಲ್ಲಿ ಒಯ್ದಿದ್ದ ಚಟ್ನಿಪುಡಿ, ಗೊಜ್ಜವಲಕ್ಕಿ ಪ್ಯಾಕೆಟ್ಟುಗಳು ಕುಸ್ಕೊದಲ್ಲಿ ಗಾಳಿಯ ಒತ್ತಡ ಕಡಿಮೆಯಾಗಿ ಪೂರಿಯಂತೆ ಉಬ್ಬಿ ಕೂತಿದ್ದವಂತೆ. ಟೂರಿನ ಅಡುಗೆಯವನು ಬೇಳೆ ಬೇಯುತ್ತಿಲ್ಲವೆಂದು ಅಳುಮುಖ ಹಾಕಿದ್ದನಂತೆ. ಆ ಎತ್ತರದಲ್ಲಿ ನೀರು ಸುಮಾರು 88 ಡಿಗ್ರಿಗೇ ಕುದಿಯುತ್ತದೆ, ಕುಕ್ಕರ್ ಇಲ್ಲದೆ ತೊಗರಿಬೇಳೆ ಜಗ್ಗುವುದಿಲ್ಲ. ಆಲೂಗಡ್ಡೆಯನ್ನು ರಾತ್ರಿ ಹಿಮಕ್ಕೆ ಹರಡಿ, ಹಗಲು ಕಾಲಲ್ಲಿ ತುಳಿದು ನೀರು ತೆಗೆದು, ಬಿಸಿಲಿಗೆ ಒಣಗಿಸಿ ವರ್ಷಗಟ್ಟಲೆ ಇಟ್ಟುಕೊಳ್ಳುವ ಅಲ್ಲಿನ ಪದ್ಧತಿಯನ್ನು ಗೈಡು ವಿವರಿಸಿದಾಗ, ಆಂಟಿ ಪಕ್ಕದ ಮಲ್ಲೇಶ್ವರದವರಿಗೆ “ಸಂಡಿಗೆ” ಎಂದು ಒಂದೇ ಮಾತಿನಲ್ಲಿ ಮುಗಿಸಿದರಂತೆ. ಮಾಚು ಪಿಚು ಎಂದರೆ ಕೆಚುವಾ ಭಾಷೆಯಲ್ಲಿ ‘ಹಳೆಯ ಬೆಟ್ಟ’. “ಹಳೇಬೆಟ್ಟ ಅನ್ನಬಾರ್ದಾ, ಸುಮ್ನೆ ನಾಲಿಗೆ ಯಾಕೆ ತಿರುಚೋದು.”

ಆಲೂಗಡ್ಡೆ ಎಂದಾಗ ನೆನಪಾಯಿತು. ಆಲೂಗಡ್ಡೆ ಹುಟ್ಟಿದ್ದೇ ಆ ಆಂಡೀಸ್ ಬೆಟ್ಟಗಳಲ್ಲಿ, ಅಲ್ಲಿ ನಾಲ್ಕು ಸಾವಿರಕ್ಕೂ ಹೆಚ್ಚು ಜಾತಿಗಳಿವೆ. ಇದನ್ನು ಸಾರ್ ಕೆ.ಆರ್. ಪುರದ ಮಂಗಳವಾರದ ಸಂತೆಯಲ್ಲಿ ಒಬ್ಬ ವ್ಯಾಪಾರಿಗೆ ಹೇಳಿದರು. ಕೆಂಪು, ನೇರಳೆ, ಕಪ್ಪು, ಬೆರಳಿನಂಥದ್ದು, ಅನಾನಸ್ಸಿನಂಥದ್ದು ಎಂದು ಒಂದೊಂದನ್ನೂ ಕೈಯಲ್ಲಿ ಆಕಾರ ಮಾಡಿ ತೋರಿಸಿದರು. ಆತ ತಕ್ಕಡಿ ಹಿಡಿದುಕೊಂಡೇ ಪೂರ್ತಿ ಕೇಳಿದ.

“ನನ್ನತ್ರ ಎರಡೇ ಸಾರ್. ಹಾಸನದ್ದು, ಆಗ್ರಾದ್ದು. ಯಾವುದು ಹಾಕ್ಲಿ?”

ಸಾರ್‌ಗೆ ಬಾಯಿಪಾಠವಾದ ಪಲ್ಲವಿ ಒಂದಿದೆ: “ಚಕ್ರ ಇಲ್ಲ, ಕಬ್ಬಿಣ ಇಲ್ಲ, ಲಿಪಿ ಇಲ್ಲ.” ಇಂಕಾಗಳು ಇವು ಮೂರೂ ಇಲ್ಲದೆ ಸಾಮ್ರಾಜ್ಯ ಕಟ್ಟಿದರು, ನೂರು ಟನ್ನಿಗೂ ಮೀರಿದ ಬಂಡೆಗಳನ್ನು ಗಾರೆಯಿಲ್ಲದೆ ಕೂಡಿಸಿದರು, ದಾರಕ್ಕೆ ಗಂಟು ಹಾಕಿ ಲೆಕ್ಕ ಇಟ್ಟರು. ಇದೆಲ್ಲ ನಿಜ, ಬೆರಗಾಗುವಂಥದ್ದೇ. ಆದರೆ ಹಲಸೂರಿನ ಕಲ್ಲಿನ ಮುಂದೆ ನಿಂತಾಗಲೆಲ್ಲ ಇದನ್ನು ಕೇಳಬೇಕೆಂದರೆ ಆ ಕಲ್ಲಿಗೂ ಬೇಜಾರಾಗುವುದಿಲ್ಲವೇ? “ಗಂಟು ಹಾಕೋದೇನು ಮಹಾ, ನಮ್ಮಜ್ಜಿ ಹಾಲಿನ ಲೆಕ್ಕಕ್ಕೆ ಸೆರಗಿಗೆ ಹಾಕ್ಕೊಂತಿದ್ರು,” ಎಂದು ಆಂಟಿ ಹೇಳಿದಾಗ ಮಾತ್ರ ಅವರು ಒಂದು ಕ್ಷಣ ತಡೆಯುತ್ತಾರೆ. ಮಾಚು ಪಿಚು ಕುಸ್ಕೊಗಿಂತ ಕೆಳಗಿದೆ, ಬರೀ 2,430 ಮೀಟರು, ಜನ ತಿರುವುಮುರುವು ತಿಳಿದಿರುತ್ತಾರೆ ಎನ್ನುವುದು ಅವರ ಚರಣ. ಅದಾದ ಮೇಲೆ ಅಕ್ಷಾಂಶ: “ನಾವು 13 ಡಿಗ್ರಿ ಉತ್ತರ, ಅದು 13 ಡಿಗ್ರಿ ದಕ್ಷಿಣ. ಕನ್ನಡಿ ಹಿಡಿದ ಹಾಗೆ!” ಇದನ್ನು ನಾನು ಮನೆಗೆ ಹೋಗಿ ಅಟ್ಲಾಸ್ ತೆಗೆದು ನೋಡಿದೆ. ಸರಿಯಾಗಿದೆ. ಸರಿಯಾಗಿರುವುದೇ ಕಷ್ಟ, ತಪ್ಪಿದ್ದರೆ ಬಾಯಿ ಮುಚ್ಚಿಸಬಹುದಿತ್ತು.

ಮೊನ್ನೆಯ ಭಾನುವಾರದ ನಡಿಗೆಗೆ ಗೈಡಾಗಿ ಬಂದವಳು ಇಪ್ಪತ್ತಾರರ ಹುಡುಗಿ. ವಾರವೆಲ್ಲ ಕಂಪ್ಯೂಟರ್ ಮುಂದೆ, ಭಾನುವಾರ ಶಾಸನಗಳ ಮುಂದೆ. “ಹಲಸಿನ ತೋಪಿನಿಂದ ಹಲಸೂರು ಅನ್ತಾರೆ,” ಎಂದು ಆಕೆ ಶುರುಮಾಡುವ ಮುಂಚೆಯೇ ಸಾರ್ ಎಲ್ಲರನ್ನೂ ಎಚ್ಚರಿಸಿದರು: “ಒಂದು ಮಾತು. ಮಾಚು ಪಿಚು ಒಳಗೆ ಟಾಯ್ಲೆಟ್ ಇಲ್ಲ, ಗೇಟಿನ ಹೊರಗೇ. ಎಲ್ರೂ ಮುಗಿಸ್ಕೊಂಡು ಬಂದಿದ್ದೀರಾ?” ನಮ್ಮ ವಯಸ್ಸಿನವರು ಮೂರು ಜನ ಮೆಟ್ರೊ ನಿಲ್ದಾಣದೊಳಕ್ಕೆ ವಾಪಸು ಹೋದರು. ಕೆಲವು ಸಲ ಅವರ ಅನುಭವ ಹೀಗೆ ಉಪಯೋಗಕ್ಕೂ ಬರುತ್ತದೆ.

ಸೋಮೇಶ್ವರ ಗುಡಿಯ ಮಂಟಪದಲ್ಲಿ 48 ಕಂಬಗಳಿವೆ. ರಾವಣ ಕೈಲಾಸವನ್ನೆತ್ತುತ್ತಿರುವ ಉಬ್ಬುಶಿಲ್ಪವಿದೆ, ಗಿರಿಜಾ ಕಲ್ಯಾಣವಿದೆ. ಹುಡುಗಿ ರಾವಣನ ತೋಳು ತೋರಿಸುತ್ತಿದ್ದರೆ, ಹಿಂದಿನಿಂದ ಸಾರ್ ದನಿ: “ಕಲ್ಲುಗಳ ಸಂದು ನೋಡಿ, ಸಂದು! ಅಲ್ಲಿ ಬ್ಲೇಡು ತೂರಲ್ಲ. ಇಲ್ಲಿ?” ಬ್ಲೇಡು ಇರಲಿಲ್ಲ. ಜೇಬಿನಿಂದ ಮೆಟ್ರೊ ಕಾರ್ಡು ತೆಗೆದು, ಹೊರಗೆ ಪಕ್ಕದ ಗೋಡೆಯ ಎರಡು ಕಲ್ಲಿನ ನಡುವೆ ಇಟ್ಟು ತಳ್ಳಿದರು. ಅರ್ಧ ಹೋಯಿತು. “ನೋಡಿದ್ರಾ ವ್ಯತ್ಯಾಸ?” ಎಂದು ಇನ್ನೂ ಸ್ವಲ್ಪ ತಳ್ಳಿದರು. ಪೂರ್ತಿ ಹೋಯಿತು. ಒಳಗೆ ಎಲ್ಲೋ ಟಕ್ ಎಂದು ಬಿದ್ದ ಸದ್ದು.

ಹೂವಿನವಳು ಊದುಬತ್ತಿ ಕಡ್ಡಿ ತಂದಳು. ಯಾರೋ ಛತ್ರಿಯ ಕಡ್ಡಿ ಕೊಟ್ಟರು. ಸಾರ್ ಕುಲಾವಿ ಹಿಂದಕ್ಕೆ ಸರಿಸಿ, ಒಂದು ಕಣ್ಣು ಮುಚ್ಚಿ, ಸಂದಿಗೆ ಇನ್ನೊಂದು ಕಣ್ಣಿಟ್ಟರು. “ಮುನ್ನೂರು ರೂಪಾಯಿ ಇತ್ತು,” ಎಂದರು ಗೋಡೆಯೊಳಕ್ಕೆ. ಹುಡುಗಿ ಬಂದು ನೋಡಿ, ಮೆತ್ತಗೆ ಹೇಳಿದಳು: “ಸಾರ್, ಇದು ದೇವಸ್ಥಾನದ ಗೋಡೆ ಅಲ್ಲ. ಪಕ್ಕದ ಮನೆಯವರ ಕಾಂಪೌಂಡು.”

ಮನೆಯವರು ಎದ್ದು ಬಂದು ಆಚೆ ಕಡೆಯಿಂದ ಕಾರ್ಡು ತೆಗೆದುಕೊಟ್ಟರು. ಅವರಿಗೂ ಪೆರುವಿನ ವಿಚಾರ ತಿಳಿಯಿತು.

ಅಷ್ಟರಲ್ಲಿ ಅರ್ಚಕರು ತೀರ್ಥ ಹಿಡಿದು ಬಂದಿದ್ದರು. ಕಥೆಯನ್ನು ಅರ್ಧ ಕೇಳಿಸಿಕೊಂಡು ಅವರು ಕೇಳಿದ್ದು ಒಂದೇ ಪ್ರಶ್ನೆ: “ಆ ಊರಲ್ಲಿ ದೇವರು ಯಾರು?”

“ಸೂರ್ಯ. ಇಂತಿ.”

ಅರ್ಚಕರು ಉದ್ಧರಣೆ ಹಿಡಿದು ಮುಂದಿನ ಮಾತಿಗೆ ಕಾದರು. ಬರಲಿಲ್ಲ. “ಇಂತಿ... ಮುಂದೆ?”

“ಮುಂದೆ ಏನೂ ಇಲ್ಲ. ದೇವರ ಹೆಸರೇ ಇಂತಿ.”

“ಓ. ನಾವು ಕಾಗದದ ಕೊನೇಲಿ ಬರೀತೀವಿ,” ಎಂದು ತೀರ್ಥ ಕೊಟ್ಟರು. ಮಾಚು ಪಿಚುವಿನ ನೆತ್ತಿಯಲ್ಲಿ ಸೂರ್ಯನನ್ನು ಕಟ್ಟಿಹಾಕುವ ಗೂಟವೆಂದು ಕರೆಯುವ ಕಲ್ಲೊಂದಿದೆ, ‘ಇಂತಿವಟಾನ’ ಅಂತ, ಎಂದು ಸಾರ್ ಮುಂದುವರಿಸಿದರು. ಸಂಕ್ರಾಂತಿಯ ಸಂಜೆ ಗವಿ ಗಂಗಾಧರೇಶ್ವರನ ಲಿಂಗದ ಮೇಲೆ ಬಿಸಿಲು ಬೀಳುವುದನ್ನು ನೋಡಿದ್ದೀರಾ ಎಂದು ಹುಡುಗಿ ಕೇಳಿದಳು. “ಅವತ್ತು ರಶ್ಶು ಕಣಮ್ಮ,” ಎಂದರು ಸಾರ್.

ಹಲಸೂರು ಕೆರೆಯ ಏರಿಯ ಮೇಲೆ ನಿಂತು ಕೆಂಪೇಗೌಡರ ಕಾವಲು ಗೋಪುರದ ಮಾತು ಬಂತು. ಊರಿನ ನಾಲ್ಕು ಗೋಪುರಗಳಲ್ಲಿ ಇದೊಂದು ಸೇನೆಯ ಮದ್ರಾಸ್ ಇಂಜಿನಿಯರ್ ಗ್ರೂಪಿನ ಆವರಣದೊಳಗಿದೆ. ಬಂಡೆಯ ಮೇಲೆ ಪುಟ್ಟ ಮಂಟಪ. ಮೂವತ್ತನಾಲ್ಕು ವರ್ಷ ಇದರ ಪಕ್ಕದ ರಸ್ತೆಯಲ್ಲೇ ಡ್ಯೂಟಿಗೆ ಹೋಗಿಬಂದಿದ್ದರೂ ಸಾರ್ ಇದನ್ನು ಹತ್ತಿರದಿಂದ ನೋಡಿಲ್ಲ. ನಾನೂ ನೋಡಿಲ್ಲ, ಅದು ಬೇರೆ ಮಾತು. ಹುಡುಗಿ ಬೆಂಗಳೂರು ಪೇಟೆ ಹುಟ್ಟಿದ 1537ರ ಕಥೆ ಹೇಳುತ್ತಿದ್ದಳು. ಇಸವಿ ಕಿವಿಗೆ ಬಿದ್ದದ್ದೇ ತಡ, ಸಾರ್ ಕೈಯೆತ್ತಿದರು. ನಾವೆಲ್ಲ ಕೆರೆಯ ಕಡೆ ತಿರುಗಿಕೊಂಡೆವು.

“ಅದೇ ಇಸವಿ ಕಣಮ್ಮ. 1533ರಲ್ಲಿ ಸ್ಪೇನಿನವರು ಕುಸ್ಕೊ ಹಿಡಿದ್ರು. 1537ರ ಶುರುವಿನಲ್ಲಿ ಮಾಂಕೊ ಇಂಕಾ ಓಯಂತಾಯ್‌ತಾಂಬೊ ಕೋಟೆ ಮೇಲೆ ನಿಂತು, ಕಾಲುವೆ ನೀರನ್ನ ಬಯಲಿಗೆ ಬಿಟ್ಟು, ಅವರ ಕುದುರೆಗಳು ಕೆಸರಲ್ಲಿ ಹೂತ್ಕೊಳ್ಳೋ ಹಾಗೆ ಮಾಡಿ ಓಡಿಸಿದ. ಉಳೀಲಿಲ್ಲ, ಆಮೇಲೆ ಕಾಡಿಗೆ ಸರಿದ. ಇಲ್ಲಿ ನಮ್ಮವರು ಕೆರೆ ಕಟ್ಟೋ ಹೊತ್ತಿಗೆ ಅಲ್ಲಿ ಅವರು ಕಾಲುವೆ ಒಡೀತಿದ್ರು.”

ಯಾರೂ ಮಾತಾಡಲಿಲ್ಲ. ಹುಡುಗಿ ತನ್ನ ಪುಸ್ತಕ ತೆರೆದು ಬರೆದುಕೊಂಡಳು. ಮೂರು ವರ್ಷದಲ್ಲಿ ಅವರ ಮಾತನ್ನು ಒಬ್ಬರು ಬರೆದುಕೊಂಡದ್ದು ಅದೇ ಮೊದಲು. ಕುಲಾವಿಯ ಕುಚ್ಚು ಸ್ವಲ್ಪ ನೆಟ್ಟಗಾದಂತೆ ನನಗೆ ಕಂಡಿತು.

ಅಲ್ಲಿಂದ ಆಟೊ ಹಿಡಿದು ದೊಮ್ಮಲೂರಿನ ಚೊಕ್ಕನಾಥಸ್ವಾಮಿ ಗುಡಿ. ಚೋಳರ ಕಾಲದ್ದು. ಸುತ್ತ ಒತ್ತೊತ್ತಾದ ಮನೆಗಳು, ಒಣಗಲು ಹಾಕಿದ ಬಟ್ಟೆ, ಬಾಗಿಲಲ್ಲಿ ಸ್ಕೂಟರು. ಒಳಗೆ ಬಾಗಿಲವಾಡದ ಕಲ್ಲಿನ ಮೇಲೆ ತಮಿಳು ಅಕ್ಷರಗಳು, ಎಣ್ಣೆ ಕುಡಿದು ಕುಡಿದು ಕಪ್ಪಗೆ ಮಿರುಗುತ್ತಿದ್ದವು. ಸಾರ್ ಹೊಸ್ತಿಲಲ್ಲಿ ಕುಲಾವಿ ತೆಗೆದು ಕಂಕುಳಲ್ಲಿ ಇಟ್ಟುಕೊಂಡು ಪಲ್ಲವಿ ಎತ್ತಿಕೊಂಡರು: “ಚಕ್ರ ಇಲ್ಲ, ಕಬ್ಬಿಣ ಇಲ್ಲ, ಲಿಪಿ...”

ಅಲ್ಲಿಗೆ ನಿಂತರು. ಮೂಗಿನ ತುದಿಯಲ್ಲೇ ಲಿಪಿ ಇತ್ತು.

ಹುಡುಗಿ ಫೋನಿನ ಬೆಳಕನ್ನು ಓರೆಯಾಗಿ ಹಿಡಿದಳು. ಅಡ್ಡಬೆಳಕಿಗೆ ಅಕ್ಷರಗಳು ಒಂದೊಂದೇ ಎದ್ದುಬಂದವು. 1905ರಲ್ಲಿ ಬಿ.ಎಲ್. ರೈಸ್ ಎಪಿಗ್ರಾಫಿಯಾ ಕರ್ನಾಟಿಕದ ಒಂಬತ್ತನೆಯ ಸಂಪುಟದಲ್ಲಿ ಬೆಂಗಳೂರು ಜಿಲ್ಲೆಯ ಶಾಸನಗಳನ್ನೆಲ್ಲ ಅಚ್ಚು ಹಾಕಿಸಿದಾಗ ಇವೂ ಸೇರಿದವು ಎಂದಳು. ಆಗ ಈ ಊರು ತೊಂಬಲೂರು. ಆಮೇಲೆ ಬೆರಳು ಕಲ್ಲಿಗೆ ತಾಗಿಸದೆ, ಒಂದಂಗುಲ ಮೇಲೆ ಸರಿಸುತ್ತಾ, ದೇವರ ಹೆಸರು ಓದಿದಳು: “ಚೊಕ್ಕ... ಪ್ಪೆರುಮಾಳ್.”

ಹದಿನೆಂಟು ತಲೆಗಳು ಒಟ್ಟಿಗೆ ಸಾರ್ ಕಡೆ ತಿರುಗಿದವು. ಆಂಟಿ ಸೆರಗು ಬಾಯಿಗೆ ಅಡ್ಡ ಹಿಡಿದರು.

ಸಾರ್ ನಗಲಿಲ್ಲ. ಬಗ್ಗಿ ಬಾಗಿಲವಾಡದ ಬುಡದಿಂದ ಮೇಲಿನವರೆಗೂ ನೋಡಿದರು. ಎಚ್.ಎ.ಎಲ್.ನಲ್ಲಿ ಬಿಡಿಭಾಗದ ಬಿರುಕು ಹುಡುಕುತ್ತಿದ್ದವರ ನೋಟ ಅದು. “ಇಷ್ಟುದ್ದ ಏನಮ್ಮಾ ಬರ್ದಿದ್ದಾರೆ?” ಎಂದರು. ಮೂರು ವರ್ಷದಲ್ಲಿ ಅವರ ಬಾಯಿಂದ ನಾನು ಕೇಳಿದ ಮೊದಲ ಪ್ರಶ್ನೆ.

“ದೇವರಿಗೆ ಬಿಟ್ಟ ದತ್ತಿ ಸಾರ್. ಯಾರು ಕೊಟ್ಟರು, ಏನು ಕೊಟ್ಟರು. ಲೆಕ್ಕ.”

“ಲೆಕ್ಕವಾ!” ಎಂದು ಅವರು ಅಲ್ಲೇ ಕೂತುಬಿಟ್ಟರು. ನಾವು ಪ್ರದಕ್ಷಿಣೆ ಮುಗಿಸಿ, ಪ್ರಸಾದ ತಿಂದು, ಕಾಫಿಗೆ ಹೊರಟರೂ ಮೇಲೇಳಲಿಲ್ಲ. ಆಂಟಿ ಎರಡು ಸಲ ಕರೆದರು.

ರಾತ್ರಿ ನಮ್ಮ ಕ್ರಾಸಿನ ವಾಟ್ಸ್ಆ್ಯಪ್ ಗುಂಪಿಗೆ ಇಪ್ಪತ್ತಾರು ಫೋಟೊ ಬಂದವು. ಎಲ್ಲವೂ ಕಪ್ಪು. ಒಂದೊಂದರ ಕೆಳಗೂ ಒಂದೊಂದು ಸಾಲು: ಇದರಲ್ಲಿ ಅಕ್ಷರ ಇದೆ, ಝೂಮ್ ಮಾಡಿ. ಕೊನೆಯದರ ಕೆಳಗೆ, ‘ಇಂತಿ, ಪೆರುಮಾಳ್’.

ಹತ್ತು ನಿಮಿಷದ ಮೇಲೆ ಅದೇ ಮನೆಯಿಂದ ಆಂಟಿಯ ಉತ್ತರ ಬಂತು: “ಕುಲಾವಿ ದೇವಸ್ಥಾನದಲ್ಲೇ ಬಿಟ್ಟು ಬಂದಿದ್ದೀರಿ.”