ಬಿಳಿ ಕಾಲುಚೀಲದ ಕಾಲ್ಗುಣ

2024ರ ಏಪ್ರಿಲ್ 2ರಂದು ನಾನೂ ನನ್ನ ಹೆಂಡತಿಯೂ ಶಿಕಾಗೊದಲ್ಲಿ ಇಳಿದೆವು. ಮಗಳು ಎರಡನೆಯ ಬಾಣಂತನಕ್ಕೆ ಅಮ್ಮನನ್ನು ಕರೆಸಿಕೊಂಡಿದ್ದಳು. ನಾನು ಚಟ್ನಿಪುಡಿ, ಅಂಟಿನುಂಡೆಗಳ ಜೊತೆಗೆ ಬಂದ ಇನ್ನೊಂದು ಲಗೇಜು. ಆ ದಿನ ಅಳಿಯ ಟಿವಿ ಹಾಕಿ, "ಮಾವ, ಇದು ಬೇಸ್‌ಬಾಲು. ಇದು ನಮ್ಮ ಟೀಮು, ವೈಟ್ ಸಾಕ್ಸ್. ಆಡಿದ ನಾಲ್ಕೂ ಸೋತಿದೆ" ಎಂದು ಪರಿಚಯ ಮಾಡಿಕೊಟ್ಟ. ಕಾಲುಚೀಲದ ಹೆಸರಿಟ್ಟುಕೊಂಡ ತಂಡ ಇನ್ನೇನು ಮಾಡೀತು ಎಂದುಕೊಂಡೆ. ಅವತ್ತು ಅದು ಅಟ್ಲಾಂಟ ತಂಡವನ್ನು 3-2ರಲ್ಲಿ ಸೋಲಿಸಿಬಿಟ್ಟಿತು.

"ಮಾವನ ಕಾಲ್ಗುಣ!" ಎಂದ ಅಳಿಯ.

ಅಳಿಯನ ಬಾಯಿಂದ ಮಾವನ ಬಗ್ಗೆ ಇಂಥ ಮಾತು ಬರುವುದು ಜನ್ಮದಲ್ಲಿ ಒಂದೋ ಎರಡೋ ಸಲ. ಅಡುಗೆಮನೆಯಲ್ಲಿದ್ದ ನನ್ನ ಹೆಂಡತಿಗೂ ಕೇಳಿಸಲಿ ಎಂದು ನಾನು, "ಏನಂದೆ?" ಅಂತ ಇನ್ನೊಮ್ಮೆ ಕೇಳಿದೆ.

ಕಾಲ್ಗುಣದ ಆಯುಸ್ಸು ಮೂರು ವಾರ. ಇಪ್ಪತ್ತೈದು ಪಂದ್ಯ ಮುಗಿಯುವಷ್ಟರಲ್ಲಿ ತಂಡ ಮೂರು ಗೆದ್ದು ಇಪ್ಪತ್ತೆರಡು ಸೋತಿತ್ತು.

ನಾನು ಮೂವತ್ನಾಲ್ಕು ವರ್ಷ ಬ್ಯಾಂಕಿನಲ್ಲಿದ್ದವನು, ಕೊನೆಯ ಏಳು ವರ್ಷ ಇನ್ಸ್‌ಪೆಕ್ಷನ್ ವಿಭಾಗದಲ್ಲಿ. ಬೇರೆಯವರ ತಪ್ಪು ಎಣಿಸಿ ಸಂಬಳ ತೆಗೆದುಕೊಂಡವನಿಗೆ ಬೇಸ್‌ಬಾಲಿನಷ್ಟು ಹೊಂದುವ ಆಟ ಇನ್ನೊಂದಿಲ್ಲ. ಮೈದಾನದ ದೊಡ್ಡ ಬೋರ್ಡಿನಲ್ಲಿ ರನ್, ಹಿಟ್, ಎರರ್ ಎಂದು ಮೂರು ಕಲಮು ಇರುತ್ತವೆ. ಎರರ್ ಅಂದರೆ ಹಿಡಿಯಬೇಕಾದ್ದನ್ನು ಬಿಟ್ಟದ್ದು, ಎಸೆಯಬೇಕಾದ ಕಡೆ ಎಸೆಯದೇ ಇದ್ದದ್ದು. ನಾವು ಆಡಿಟ್ ರಿಪೋರ್ಟನ್ನು ಗಾಡ್ರೆಜ್ ಬೀರುವಿನಲ್ಲಿಟ್ಟು ಬೀಗ ಹಾಕುತ್ತಿದ್ದೆವು. ಇಲ್ಲಿ ಅದನ್ನು ಸಾವಿರಾರು ಜನರ ಎದುರು ದೀಪ ಹಾಕಿ ತೋರಿಸುತ್ತಾರೆ.

ಮಗಳಿಂದ ಒಂದು ಉದ್ದನೆಯ ನೋಟ್‌ಬುಕ್ ಇಸಕೊಂಡು ದಿನವಹಿ ಬರೆಯತೊಡಗಿದೆ. ನನಗೆ ಕೊಟ್ಟ ವೀಸಾದ ಅವಧಿ ಆರು ತಿಂಗಳು; ಅವರ ಸೀಸನ್ನೂ ಆರು ತಿಂಗಳು, ಒಟ್ಟು 162 ಪಂದ್ಯ. ವಾರಕ್ಕೆ ಹೆಚ್ಚುಕಡಿಮೆ ಆರು ದಿನ ಆಟ ಇದ್ದೇ ಇರುತ್ತದೆ. ಬಾಣಂತನದ ಮನೆಯಲ್ಲಿ ಕೆಲಸವಿಲ್ಲದ ಗಂಡಸಿಗೆ ಇದಕ್ಕಿಂತ ಗೌರವದ ಉದ್ಯೋಗ ಸಿಗುವುದಿಲ್ಲ.

ಲೀಗಿನ ಪಟ್ಟಿಯಲ್ಲೂ ಹಲವು ಕಲಮುಗಳು. 'ಗೇಮ್ಸ್ ಬಿಹೈಂಡ್' ಎಂದರೆ ಮೊದಲ ಸ್ಥಾನದವರಿಗಿಂತ ಎಷ್ಟು ಹಿಂದೆ ಎಂಬುದು, ನಮ್ಮ ಭಾಷೆಯಲ್ಲಿ ಬಾಕಿ. ಅದರ ಪಕ್ಕದಲ್ಲಿ 'ಲಾಸ್ಟ್ ಟೆನ್', ಕೊನೆಯ ಹತ್ತು ಪಂದ್ಯದ ಲೆಕ್ಕ. ಆಮೇಲೆ 'ಸ್ಟ್ರೀಕ್', ಸದ್ಯ ಸತತವಾಗಿ ಎಷ್ಟು ಗೆಲುವು ಅಥವಾ ಎಷ್ಟು ಸೋಲು. ಈ 'ಲಾಸ್ಟ್ ಟೆನ್' ನೋಡಿದ ಕೂಡಲೇ ಹಳೆಯ ಗಿರಾಕಿಗಳು ನೆನಪಾದರು. ಸಾಲ ಕೇಳಲು ಬರುವವರು ಕೊನೆಯ ಮೂರು ತಿಂಗಳ ಸ್ಟೇಟ್‌ಮೆಂಟ್ ಮಾತ್ರ ಹಿಡಿದು ಬರುತ್ತಿದ್ದರು. ಆ ಮೂರು ತಿಂಗಳು ಖಾತೆಯಲ್ಲಿ ಲಕ್ಷ್ಮಿ ಕಾಲು ಮಡಚಿ ಕೂತಿರುತ್ತಿದ್ದಳು. ಅದರ ಹಿಂದಿನ ತಿಂಗಳ ಹಾಳೆ ಕೇಳಿದರೆ, "ಅದು ಮನೇಲಿದೆ ಸಾರ್, ನಾಳೆ ತರ್ತೀನಿ" ಎನ್ನುತ್ತಿದ್ದರು. ಇತ್ತೀಚಿನ ಫಾರ್ಮ್ ಎಂಬ ಮಾತು ಕೇಳಿದಾಗಲೆಲ್ಲ ನಾನು ಆ ನಾಳೆ ಬರುವ ಹಾಳೆಯನ್ನೇ ಕೇಳುತ್ತೇನೆ.

ಆ ಬೇಸಿಗೆ ನನಗೆ ಬೆಳಿಗ್ಗೆಯೂ ಡ್ಯೂಟಿ ಇತ್ತು. ಬೆಂಗಳೂರಿನ ರಾತ್ರಿ ಏಳೂವರೆ ಎಂದರೆ ಶಿಕಾಗೊದ ಬೆಳಿಗ್ಗೆ ಒಂಬತ್ತು. ಉಪ್ಪಿಟ್ಟಿನ ತಟ್ಟೆ ಹಿಡಿದು ಆರ್‌ಸಿಬಿ ಕ್ರಿಕೆಟ್ ನೋಡುವುದು, ಸಂಜೆ ಕಾಫಿ ಹಿಡಿದು ಸಾಕ್ಸ್ ನೋಡುವುದು. ಆರ್‌ಸಿಬಿ ಮೊದಲ ಎಂಟರಲ್ಲಿ ಏಳು ಸೋತು, ಆಮೇಲೆ ಸತತ ಆರು ಗೆದ್ದು ಪ್ಲೇ ಆಫ್ ಸೇರಿತು. ಆಸೆ ಹುಟ್ಟಿಸಿ ಕೈಕೊಡುವ ಕಲೆಯಲ್ಲಿ ನಮ್ಮವರನ್ನು ಮೀರಿಸುವವರಿಲ್ಲ ಎಂಬುದು ನನ್ನ ಖಚಿತ ಅಭಿಪ್ರಾಯವಾಗಿತ್ತು. ಮೇ 22ರಂದು ಅಹಮದಾಬಾದಿನಲ್ಲಿ ರಾಜಸ್ಥಾನದ ಎದುರು ಆರ್‌ಸಿಬಿ ಸೋತು ಹೊರಬಿತ್ತು. ಅದೇ ದಿನ ಟೊರಾಂಟೊದಲ್ಲಿ ಸಾಕ್ಸ್ ಸೋತಿತು. ಒಂದೇ ಪುಟದಲ್ಲಿ ಎರಡು ಎಂಟ್ರಿ. ಆರ್‌ಸಿಬಿ ಖಾತೆ ಅಲ್ಲಿಗೆ ಮುಚ್ಚಿತು, ಸಾಕ್ಸ್ ಖಾತೆ ಮುಂದುವರಿಯಿತು. ಅಲ್ಲಿಂದ ಜೂನ್ 6ರವರೆಗೆ ಸತತ ಹದಿನಾಲ್ಕು ಸೋಲು.

ಅದರಲ್ಲಿ ಎರಡನೆಯದನ್ನು ಮಾತ್ರ ವಿವರವಾಗಿ ಹೇಳಬೇಕು. ಮೇ 23, ಬಾಲ್ಟಿಮೋರ್ ಎದುರು, ಕೊನೆಯದಾದ ಒಂಬತ್ತನೆಯ ಇನ್ನಿಂಗ್ಸ್. ಅಪರೂಪಕ್ಕೆ ಸಾಕ್ಸ್ ಚಿಗುರಿಕೊಂಡು 8-6ಕ್ಕೆ ಬಂದಿತ್ತು. ಒಬ್ಬ ಔಟು. ಇಬ್ಬರು ಬೇಸ್ ಮೇಲೆ. ಬೆನಿಂಟೆಂಡಿ ಎಂಬಾತ ಹೊಡೆದ ಚೆಂಡು ನೆಟ್ಟಗೆ ಆಕಾಶಕ್ಕೆ ಹೋಯಿತು. ಇಂಥ ಸಂದರ್ಭಕ್ಕೆಂದೇ ಒಂದು ನಿಯಮವಿದೆ: ಹತ್ತಿರದಲ್ಲೇ ಸುಲಭವಾಗಿ ಹಿಡಿಯುವಂಥ ಚೆಂಡಾದರೆ ಅದು ಕೈಗೆ ಬರುವ ಮೊದಲೇ ಹೊಡೆದವನು ಔಟು. ಹಿಡಿಯುವವನು ಬೇಕೆಂದೇ ಕೆಳಗೆ ಬೀಳಿಸಿ ಓಡುವವರಿಬ್ಬರನ್ನೂ ಕೆಡವಬಾರದಲ್ಲ, ಅದಕ್ಕೆ. ಸರಿ, ಎರಡನೆಯ ಔಟು. ಅಷ್ಟರಲ್ಲಿ ಎರಡನೆಯ ಬೇಸಿನವನು ತನ್ನ ಜಾಗಕ್ಕೆ ವಾಪಸಾಗುತ್ತ ಚೆಂಡು ಹಿಡಿಯುವವನ ದಾರಿಗೆ ಅಡ್ಡ ಬಂದ ಎಂದು ಅಂಪೈರ್ ಕೈ ಎತ್ತಿದ. ಹಿಡಿಯುವವನು ಚೆಂಡನ್ನು ಆರಾಮಾಗಿ ಹಿಡಿದೂ ಇದ್ದ. ಆದರೂ ಮೂರನೆಯ, ಅಂದರೆ ಕೊನೆಯ, ಔಟು. ಪಂದ್ಯ ಮುಗಿಯಿತು. ನಾನು ಕಾಫಿ ಲೋಟ ಕೆಳಗಿಡುವುದರೊಳಗೆ ಎಲ್ಲರೂ ಮೈದಾನದಿಂದ ಹೊರಗೆ ನಡೆಯುತ್ತಿದ್ದರು. ಹತ್ತು ವರ್ಷದ ಮೊಮ್ಮಗ ನನಗೆ ಇದನ್ನು ಮೂರು ಸಲ ವಿವರಿಸಿದ. ನೋಟ್‌ಬುಕ್ಕಿನ ಷರಾ ಕಲಮಿನಲ್ಲಿ 'ದಾರಿಯಲ್ಲಿ ನಿಂತದ್ದರಿಂದ ನಷ್ಟ' ಎಂದು ಬರೆದೆ.

ಜುಲೈ 10ರಿಂದ ಶುರುವಾದದ್ದಂತೂ ಬರೆಯುವ ಹಾಗಿರಲಿಲ್ಲ. ದಿನಾ ಅದೇ. ಹತ್ತು, ಹನ್ನೆರಡು, ಹದಿನೈದು. ಅಳಿಯ ಕಾಲ್ಗುಣದ ಮಾತು ನಿಲ್ಲಿಸಿ ಬಹಳ ದಿನವಾಗಿತ್ತು. ಈಗ ನಾನು ಸೋಫಾದಲ್ಲಿ ಕೂತರೆ ತಾನು ಎದ್ದು ಹೋಗಿ ಮಗುವಿನ ಬಟ್ಟೆ ಮಡಚುತ್ತಿದ್ದ. ಆಗಸ್ಟ್ 5ಕ್ಕೆ ಸತತ ಇಪ್ಪತ್ತೊಂದು ಸೋಲು ತುಂಬಿ, 1988ರಲ್ಲಿ ಬಾಲ್ಟಿಮೋರ್ ಮಾಡಿದ್ದ ಅಮೆರಿಕನ್ ಲೀಗಿನ ದಾಖಲೆಗೆ ಸಮವಾಯಿತು. ಇಪ್ಪತ್ತನೆಯ ಶತಮಾನದಿಂದೀಚಿನ ದೊಡ್ಡ ದಾಖಲೆ ಇಪ್ಪತ್ಮೂರು, 1961ರ ಫಿಲಡೆಲ್ಫಿಯ ತಂಡದ್ದು. ಮೊಮ್ಮಗ ಆ ಇಪ್ಪತ್ಮೂರಕ್ಕೆ ಕಾದು ಕೂತ. ಸೋಲೂ ಒಂದು ಹಂತ ದಾಟಿದರೆ ಹೀಗೆ ಗುರಿಯಾಗಿಬಿಡುತ್ತದೆ.

ಮರುದಿನ ಹೆಂಡತಿ ಕೈಯಲ್ಲಿ ಎಣ್ಣೆ ಬಟ್ಟಲು ಹಿಡಿದು ಬಂದವಳು ಹೇಳಿದಳು: "ಇವತ್ತೊಂದಿನ ನೀವು ಆ ಟಿವಿ ಮುಂದೆ ಕೂರಬೇಡಿ. ಪಾಪ, ಆ ಹುಡುಗರಿಗೂ ಅಪ್ಪ ಅಮ್ಮ ಇದಾರೆ."

ನಾನು ಬೇಗ ಮಲಗಿದೆ. ಆಗಸ್ಟ್ 6ರ ರಾತ್ರಿ ಓಕ್ಲೆಂಡಿನಲ್ಲಿ ಸಾಕ್ಸ್ 5-1ರಿಂದ ಗೆದ್ದಿತು. ಬೆಳಿಗ್ಗೆ ಯಾರೂ ಏನೂ ಅನ್ನಲಿಲ್ಲ, ನನ್ನನ್ನು ನೋಡಿದರು ಅಷ್ಟೆ.

ಇಪ್ಪತ್ತೊಂದು ಸೋತಾಗಲೂ ಕುರ್ಚಿ ಉಳಿಸಿಕೊಂಡಿದ್ದ ಮ್ಯಾನೇಜರ್ ಪೆಡ್ರೊ ಗ್ರಿಫೋಲ್ ಅವರನ್ನು ಗೆದ್ದ ಎರಡು ದಿನಕ್ಕೆ, ಆಗಸ್ಟ್ 8ರಂದು, ಕೆಲಸದಿಂದ ತೆಗೆದರು. ಅಳಿಯನಿಗೆ ಇದು ವಿಚಿತ್ರವೆನಿಸಿತು. ನನಗೆ ಅನಿಸಲಿಲ್ಲ. ನಮ್ಮಲ್ಲೂ ವರ್ಗಾವಣೆಯ ಆರ್ಡರು ಬ್ರಾಂಚಿನ ಲೆಕ್ಕ ಟ್ಯಾಲಿ ಆದ ವಾರವೇ ಬರುತ್ತಿತ್ತು.

ಎಂಥ ದಡ್ಡ ತಂಡವೂ ಅರವತ್ತು ಗೆಲ್ಲುತ್ತದೆ, ಎಂಥ ಜಾಣ ತಂಡವೂ ಅರವತ್ತು ಸೋಲುತ್ತದೆ, ಉಳಿದ ನಲವತ್ತೆರಡರಲ್ಲಿ ನೀವೇನು ಮಾಡುತ್ತೀರಿ ಅನ್ನುವುದೇ ಆಟ ಎಂದು ಅಲ್ಲಿ ಹಳಬರ ಮಾತೊಂದಿದೆ. ಸಾಕ್ಸ್ ಆ ಗಾದೆಯನ್ನು ಸುಳ್ಳು ಮಾಡಿದ್ದೂ ಆಯಿತು, ಇನ್ನೊಂದು ಹನ್ನೆರಡು ಸೋಲಿನ ಸರಪಳಿ ಪೋಣಿಸಿದ್ದೂ ಆಯಿತು. ಸೆಪ್ಟೆಂಬರ್ ಮೂರನೆಯ ವಾರ ದಾಟುವಾಗ ಲೆಕ್ಕ 36-120. ಅರವತ್ತೆರಡು ವರ್ಷ ಹಿಂದೆ, 1962ರಲ್ಲಿ, ನ್ಯೂಯಾರ್ಕ್ ಮೆಟ್ಸ್ ಸೋತದ್ದೂ 120. ಇನ್ನೊಂದು ಸೋತರೆ ಶತಮಾನದ ದಾಖಲೆ. ಮಗಳು, "ಅಪ್ಪ, ಇತಿಹಾಸ ಆಗೋದನ್ನ ಕಣ್ಣಾರೆ ನೋಡ್ಕೊಂಡು ಊರಿಗೆ ಹೋಗಿ" ಎಂದು ಸೆಪ್ಟೆಂಬರ್ 24ಕ್ಕೆ ಟಿಕೆಟ್ ತೆಗೆಸಿದಳು. ಅಗ್ಗವಾಗಿ ಸಿಕ್ಕಿತು ಎಂಬುದನ್ನು ಬೇರೆ ಹೇಳಬೇಕಿಲ್ಲ.

ಶಿಕಾಗೊದ ರೆಡ್ ಲೈನ್ ರೈಲಿನಲ್ಲಿ ಉತ್ತರಕ್ಕೆ ಹೋದರೆ ಆಡಿಸನ್ ನಿಲ್ದಾಣ, ಅಲ್ಲಿ ಕಬ್ಸ್ ತಂಡ. ದಕ್ಷಿಣಕ್ಕೆ ಹೋದರೆ 35ನೆಯ ಬೀದಿ, ಅಲ್ಲಿ ಸಾಕ್ಸ್. ಕಬ್ಸ್ 108 ವರ್ಷ ಕಪ್ಪಿಲ್ಲದೆ ಕಾದದ್ದು ಜಗತ್ತಿಗೆಲ್ಲ ಗೊತ್ತು. ಸಾಕ್ಸ್ 88 ವರ್ಷ ಕಾದು 2005ರಲ್ಲಿ ಗೆದ್ದದ್ದನ್ನು ಅವರೇ ಜ್ಞಾಪಿಸಬೇಕು. ದುಃಖದಲ್ಲೂ ಎರಡನೆಯ ಸ್ಥಾನ ಸಿಕ್ಕವರ ದುಃಖ ಬೇರೆಯೇ.

ಮೈದಾನದಲ್ಲಿ ನನಗೆ ಮೊದಲು ಕಂಡದ್ದು ಮುಸುಕಿನ ಜೋಳ. ತೆನೆಯಿಂದ ಕಾಳನ್ನು ನಮ್ಮೆದುರೇ ಚಾಕುವಿನಿಂದ ಸರಸರ ಹೆರೆದು ಲೋಟಕ್ಕೆ ತುಂಬಿ, ಮೇಲೆ ಬೆಣ್ಣೆ, ಚೀಸು, ಖಾರದಪುಡಿ, ಉಪ್ಪು, ನಿಂಬೆರಸ ಹಾಕಿ ಕೊಡುತ್ತಾರೆ. ಮೆಕ್ಸಿಕೊದವರ ತಿಂಡಿ, ಎಲೋಟೆ ಅಂತ ಹೆಸರು. ಚೀಸು ಬಿಟ್ಟರೆ ನಮ್ಮ ಲಾಲ್‌ಬಾಗಿನ ಗೇಟೇ. ಬೆಲೆಯನ್ನು ರೂಪಾಯಿಗೆ ಪರಿವರ್ತಿಸಬಾರದೆಂದು ಮಗಳು ಮೊದಲೇ ಮಾತು ತೆಗೆದುಕೊಂಡಿದ್ದಳು. ದೂರದಲ್ಲಿ ದೊಡ್ಡ ಸ್ಕೋರ್‌ಬೋರ್ಡು. ತವರು ತಂಡ ಹೋಮ್ ರನ್ ಹೊಡೆದರೆ ಅಲ್ಲಿ ಪಟಾಕಿ ಹಾರಿಸುವುದು 1960ರಿಂದ ಬಂದ ಸಂಪ್ರದಾಯ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ.

ಪಕ್ಕದ ಸೀಟಿನಲ್ಲಿ ನನ್ನ ವಯಸ್ಸಿನವನೇ ಒಬ್ಬ ಕೂತಿದ್ದ. ತೊಡೆಯ ಮೇಲೆ ಸ್ಕೋರ್ ಹಾಳೆ, ಕಿವಿಯಲ್ಲಿ ಪೆನ್ಸಿಲ್ಲು. ಒಂದೊಂದು ಎಸೆತವನ್ನೂ ಗುರುತು ಹಾಕುತ್ತಿದ್ದ. ನನ್ನ ನೋಟ್‌ಬುಕ್ ತೋರಿಸಿದೆ. ಕನ್ನಡದ ಅಕ್ಷರ ಓದಲು ಬಾರದಿದ್ದರೂ ಕಲಮು ನೋಡಿಯೇ ಅವನಿಗೆ ಎಲ್ಲ ಅರ್ಥವಾಯಿತು. ತಲೆದೂಗಿದ. ನಾನು ನನ್ನ ಸಂಶೋಧನೆಯೊಂದನ್ನು ಅವನ ಮುಂದಿಟ್ಟೆ. ಮೆಟ್ಸ್ ಗೆದ್ದದ್ದು 40, ಸೋತದ್ದು 120. ಅಂದರೆ ಸರಿಯಾಗಿ ಕಾಲುಪಾಲು. ನೀವು ಉಳಿದ ಆರರಲ್ಲಿ ಐದು ಗೆದ್ದರೆ 41-121, ಅದು ಕಾಲಿಗಿಂತ ಒಂದು ಕೂದಲೆಳೆ ಮೇಲೆ. ಸಂಖ್ಯೆಯಲ್ಲಿ ಸೋತರೂ ಶೇಕಡಾವಾರಿನಲ್ಲಿ ಮೆಟ್ಸೇ ಕೆಟ್ಟವರು! ಅವನು ನನ್ನನ್ನು ಸ್ವಲ್ಪ ಹೊತ್ತು ನೋಡಿ, "ಆರರಲ್ಲಿ ಐದು?" ಎಂದು ಕೇಳಿ ಜೋರಾಗಿ ನಕ್ಕ. ಆ ವರ್ಷ ಅವನು ಆ ಮೈದಾನದಲ್ಲಿ ಅಷ್ಟು ನಕ್ಕಿರಲಾರ.

ಏಳು ಇನ್ನಿಂಗ್ಸ್ ಮುಗಿದಾಗ ಸಾಕ್ಸ್ 2-0 ಹಿಂದಿತ್ತು. ಸುತ್ತ ಇದ್ದವರೆಲ್ಲ ಮೊಬೈಲು ಸಿದ್ಧಮಾಡಿಕೊಂಡರು. ತಂಡ ಮಾರಿಬಿಡಿ, ಮಾರಿಬಿಡಿ ಎಂದು ಮಾಲೀಕರಿಗೆ ಕೇಳುವಂತೆ ಕೂಗಿದರು. ಅಷ್ಟರಲ್ಲಿ ಎಂಟನೆಯ ಇನ್ನಿಂಗ್ಸಿನಲ್ಲಿ ಈ ಪುಣ್ಯಾತ್ಮರು ಮೂರು ರನ್ ಹೊಡೆದುಬಿಟ್ಟರು. ನಮ್ಮ ಹಿಂದಿನ ಸಾಲಿನಿಂದ ನಿಟ್ಟುಸಿರು ಬಂತು. ಮದುವೆಗೆ ಬಂದವರಿಗೆ ಊಟ ನಾಳೆ ಎಂದು ಹೇಳಿದ ಹಾಗೆ. 3-2ರಲ್ಲಿ ಸಾಕ್ಸ್ ಗೆದ್ದಿತು. ಸೋಲುವುದನ್ನು ನೋಡಲು ದುಡ್ಡು ಕೊಟ್ಟು ಬಂದ ದಿನ ಗೆದ್ದು ಮೋಸ ಮಾಡಿದ ತಂಡವನ್ನು ಏನೆಂದು ಬೈಯುವುದು? ಪಕ್ಕದವನು ಪೆನ್ಸಿಲ್ಲನ್ನು ಕಿವಿಗೆ ಸಿಕ್ಕಿಸಿ, "ಇನ್ನು ನಾಲ್ಕು ಬಾಕಿ" ಎಂದ.

ಮರುದಿನ ಹತ್ತು ಇನ್ನಿಂಗ್ಸ್ ಆಡಿ 4-3. ಅದರ ಮರುದಿನ 7-0. ಮೂರಕ್ಕೆ ಮೂರು! 27ರಂದು ಡೆಟ್ರಾಯಿಟಿನಲ್ಲಿ 4-1ರಿಂದ ಸೋತು ಕೊನೆಗೂ 121 ಮುಟ್ಟಿದರು. ಆ ಗೆಲುವಿನಿಂದ ಡೆಟ್ರಾಯಿಟಿಗೆ 2014ರ ನಂತರ ಮೊದಲ ಸಲ ಪ್ಲೇ ಆಫ್ ಸಿಕ್ಕಿ, ಇವರ ಇತಿಹಾಸದ ರಾತ್ರಿ ಅವರು ಕುಣಿದರು. ಸೂತಕದ ಮನೆಯ ಎದುರೇ ನಾಮಕರಣ. ಆಮೇಲೆ ಉಳಿದೆರಡನ್ನೂ ಸಾಕ್ಸ್ ಗೆದ್ದಿತು. ಆರರಲ್ಲಿ ಐದು. 41-121. ಮೊದಲ ಸ್ಥಾನದ ಕ್ಲೀವ್‌ಲ್ಯಾಂಡಿಗೆ ಐವತ್ತೊಂದೂವರೆ ಪಂದ್ಯದ ಬಾಕಿ. ನನ್ನ ಶೇಕಡಾವಾರು ನಿಜವಾಯಿತು. ಬಿದ್ದರೂ ಮೀಸೆ ಮಣ್ಣಾಗಲಿಲ್ಲ. ಪಕ್ಕದ ಸೀಟಿನವನ ಫೋನ್ ನಂಬರ್ ತೆಗೆದುಕೊಳ್ಳಲಿಲ್ಲವಲ್ಲ ಎಂದು ಇಂದಿಗೂ ಕೈ ಹಿಸುಕಿಕೊಳ್ಳುತ್ತೇನೆ.

ಅಕ್ಟೋಬರ್ 1ಕ್ಕೆ ವಿಮಾನ. ಹಿಂದಿನ ರಾತ್ರಿ ಹೆಂಡತಿ ಪೆಟ್ಟಿಗೆ ತೂಗುತ್ತಿದ್ದಾಗ ನಾನು ಇನ್ಸ್‌ಪೆಕ್ಷನ್ ವರದಿ ಬರೆದೆ. ತಂಡದ ಇತ್ತೀಚಿನ ಫಾರ್ಮ್, ಕೊನೆಯ ಆರು ಪಂದ್ಯದ ಆಧಾರದ ಮೇಲೆ: ಅತ್ಯುತ್ತಮ, ಇದೇ ಗತಿಯಲ್ಲಿ ಮುಂದುವರಿದರೆ ಮುಂದಿನ ವರ್ಷ 135 ಗೆಲುವು. ಕೊನೆಯ 162ರ ಆಧಾರದ ಮೇಲೆ: ಖಾತೆ ಎನ್‌ಪಿಎ, ಹೊಡೆದ ರನ್ 507, ಕೊಟ್ಟ ರನ್ 813, ಕೊರತೆ 306. ಎರಡಕ್ಕೂ ಸಹಿ ಹಾಕಿದೆ. ಎರಡೂ ಟ್ಯಾಲಿ ಆಗುತ್ತಿದ್ದವು. ಮೊಮ್ಮಗ ಇನ್ನೊಂದು ಸಾಲು ಸೇರಿಸಿ ಎಂದ: "ತಾತ, ನೀವು ಬಂದ ಮೇಲೆ ಅಂತ ಲೆಕ್ಕ ಹಾಕಿದ್ರೆ 41-117." ಅದನ್ನು ನಾನು ಬರೆಯಲಿಲ್ಲ.

ಶಿಕಾಗೊದಲ್ಲಿ ಹುಟ್ಟಿದವರೊಬ್ಬರು 2025ರ ಮೇ ತಿಂಗಳಲ್ಲಿ ಹದಿನಾಲ್ಕನೆಯ ಲಿಯೊ ಎಂಬ ಹೆಸರಿನಲ್ಲಿ ಪೋಪ್ ಆದರು. ಅವರು ಸಾಕ್ಸ್ ಅಭಿಮಾನಿ; 2005ರ ಫೈನಲ್ ಸರಣಿಯ ಮೊದಲ ಪಂದ್ಯಕ್ಕೆ ಬಂದು ಕೂತಿದ್ದದ್ದು ಹಳೆಯ ಟಿವಿ ಚಿತ್ರದಲ್ಲೇ ಇದೆ. 2025ರಲ್ಲಿ ಸಾಕ್ಸ್ 60 ಗೆದ್ದು 102 ಸೋತಿತು. ಹತ್ತೊಂಬತ್ತು ಗೆಲುವು ಜಾಸ್ತಿ. ಪೋಪ್ ಅವರ ಆಶೀರ್ವಾದ ಎಂದು ಅಳಿಯ ಫೋನಿನಲ್ಲಿ ಹೇಳಿದ. ನನ್ನ ಹೆಂಡತಿ ಒಪ್ಪುವುದಿಲ್ಲ. ಆ ವರ್ಷ ನಾನು ಶಿಕಾಗೊಗೆ ಹೋಗಿರಲಿಲ್ಲ.