ಇನ್ನೊಂದು ಕಾಲು ಸುತ್ತು

ಬೆಂಗಳೂರಿನ ಹಳೆಯ ಬಡಾವಣೆಗಳಲ್ಲಿ ನಾಲ್ಕು ಕ್ರಾಸಿಗೊಬ್ಬ ಗಣಪ, ಎರಡು ಕ್ರಾಸಿಗೊಂದು ದರ್ಶಿನಿ, ಕ್ರಾಸಿಗೊಬ್ಬರು ರಾಯರು ಇದ್ದೇ ಇರುತ್ತಾರೆ. ಗಣಪನಿಗೂ ದರ್ಶಿನಿಗೂ ಬಾಗಿಲು ಹಾಕುವ ಹೊತ್ತು ಅಂತ ಒಂದಿದೆ, ರಾಯರಿಗಿಲ್ಲ. ಕಾಂಪೌಂಡಿನೊಳಗೆ ಬಾನೆಟ್ ಎತ್ತಿದ ಹಳೆಯ ಕಾರು, ಅದರ ಕೆಳಗಿನಿಂದ ಚಾಚಿಕೊಂಡ ಎರಡು ಕಾಲು, ಪಕ್ಕದ ಸ್ಟೂಲಿನ ಮೇಲೆ ಕೆನೆಗಟ್ಟುತ್ತಿರುವ ಒಂದು ಲೋಟ ಕಾಫಿ. ಅದೇ ರಾಯರ ಮನೆ. ಕೊರಿಯರ್ ಹುಡುಗರಿಗೆ ಮನೆ ನಂಬರು ಬೇಕಾಗುವುದಿಲ್ಲ.

ನಮ್ಮ ಕ್ರಾಸಿನ ರಾಯರು ಎಚ್‌ಎಂಟಿಯಲ್ಲಿ 31 ವರ್ಷ ದುಡಿದವರು. 1953ರಲ್ಲಿ ಸ್ಥಾಪನೆಯಾದ ಆ ಕಾರ್ಖಾನೆ ದೇಶಕ್ಕೆ ಲೇತು, ಗಡಿಯಾರ, ಟ್ರ್ಯಾಕ್ಟರು ಕೊಟ್ಟಿತು. ಬೆಂಗಳೂರಿಗೆ ಅದರ ಜೊತೆಗೆ, ಎಂಎಂನ ನೂರನೇ ಒಂದು ಭಾಗದಲ್ಲಿ ಯೋಚಿಸುವ ಒಂದು ಜನಾಂಗವನ್ನೇ ಕೊಟ್ಟಿತು. ಮಗಳಿಗೆ ಗಂಡಿನ ಮನೆ ನೋಡಲು ಹೋದಾಗ ಈ ಜನ ಹುಡುಗನ ಸಂಬಳ ಕೇಳುವ ಮೊದಲು ಅವರ ಮನೆಯ ಬಾಗಿಲು ಚೌಕಟ್ಟಿಗೆ ಸರಿಯಾಗಿ ಕೂತಿದೆಯೇ ಅಂತ ನೋಡುತ್ತಾರೆ.

ರಾಯರ ಕಾರು 1982ರ ಪ್ರೀಮಿಯರ್ ಪದ್ಮಿನಿ. 1089 ಸಿಸಿ ಎಂಜಿನ್, ಸ್ಟೇರಿಂಗ್ ಪಕ್ಕದಲ್ಲೇ ಗೇರು. ಕಾಯ್ದಿರಿಸಿ ವರ್ಷಗಟ್ಟಲೆ ಕಾದು ತಂದ ಕಾರಾದ್ದರಿಂದ ಅದನ್ನು ಮಾರುವ ಮಾತು ಯಾರೂ ಎತ್ತುವಂತಿಲ್ಲ. 2023ರ ಅಕ್ಟೋಬರಿನಲ್ಲಿ ಮುಂಬೈಯ ಕೊನೆಯ ಪದ್ಮಿನಿ ಟ್ಯಾಕ್ಸಿ ರಸ್ತೆಯಿಂದ ಇಳಿದ ದಿನ ರಾಯರು ಒಂದು ಹೊತ್ತು ಊಟ ಬಿಟ್ಟರು ಎಂದು ಕ್ರಾಸಿನಲ್ಲಿ ಸುದ್ದಿ. ‘ದುಃಖಕ್ಕೇನೂ ಅಲ್ಲ, ಕಾರ್ಬುರೇಟರ್ ಬಿಚ್ಕೊಂಡು ಕೂತಿದ್ರು’ ಅಂತ ಅವರ ಮನೆಯವರು ತಿದ್ದಿದರು. ಬೇರೆ ಹೆಂಗಸರಾಗಿದ್ದರೆ ಆ ಕಾರನ್ನು ಸವತಿ ಅನ್ನುತ್ತಿದ್ದರೇನೋ. ಅಷ್ಟು ಮರ್ಯಾದೆಯನ್ನೂ ಈಯಮ್ಮ ಅದಕ್ಕೆ ಕೊಟ್ಟವರಲ್ಲ.

ಆ ಮನೆಗೆ ಬಂದ ಯಾವ ಬಾಟಲಿಯೂ ಗುಜರಿಗೆ ಹೋಗಿಲ್ಲ. ಹಾರ್ಲಿಕ್ಸ್ ಬಾಟಲಿಯಲ್ಲಿ 6 ಎಂಎಂ ಬೋಲ್ಟು, ಬೋರ್ನ್‌ವಿಟಾ ಡಬ್ಬದಲ್ಲಿ 8, ಉಪ್ಪಿನಕಾಯಿ ಜಾಡಿಯಲ್ಲಿ ವಾಷರು. ಪಾನಗಳು, ಅಂದರೆ ಸ್ಪ್ಯಾನರುಗಳು, ಗೋಡೆಯ ಮೇಲೆ ಅಳತೆಯ ಪ್ರಕಾರ, ಶಾಲೆಯ ಪ್ರಾರ್ಥನೆಗೆ ನಿಂತ ಮಕ್ಕಳ ಹಾಗೆ. ಎಲ್ಲ ಅಳತೆಗೂ ಹಿಗ್ಗುವ ಅಡ್ಜಸ್ಟಬಲ್ ಸ್ಪ್ಯಾನರನ್ನು ಮಾತ್ರ ರಾಯರು ಗೇಟಿನೊಳಗೆ ಬಿಟ್ಟಿಲ್ಲ. ‘ಅದು ಅಳತೆ ಗೊತ್ತಿಲ್ದೋರ ಆಯುಧ ಕಣಪ್ಪ’ ಎಂಬುದು ಅವರ ಸಿದ್ಧಾಂತ. ಮೊಮ್ಮಗನಿಗೆ ಮಗ್ಗಿಗಿಂತ ಮೊದಲು ಕಲಿಸಿದ್ದು ತೂತಿನೊಳಗೆ ಥ್ರೆಡ್ಡು ಕೊರೆಯುವ ಟ್ಯಾಪಿನ ಲೆಕ್ಕ: ಬೋಲ್ಟಿನ ದಪ್ಪದಲ್ಲಿ ಥ್ರೆಡ್ಡಿನ ಅಂತರ ಕಳೆದರೆ ತೂತಿನ ಅಳತೆ. 8ರಲ್ಲಿ 1.25 ಹೋದರೆ 6.75, ಡ್ರಿಲ್ ಬಿಟ್ಟು 6.8ರದ್ದು. ಆ ಹುಡುಗ ಪರೀಕ್ಷೆಯಲ್ಲೂ 6.75ಕ್ಕೆ 6.8 ಅಂತ ಬರೆದು ಅರ್ಧ ಮಾರ್ಕು ಕಳೆದುಕೊಂಡ. ರಾಯರು ಶಾಲೆಗೆ ಹೋಗಿ ಮೇಷ್ಟರಿಗೆ ವಿವರಿಸಿ ಬಂದರು. ಮೇಷ್ಟರು ಇವತ್ತಿಗೂ ಈ ರಸ್ತೆಗೆ ಬರುವುದಿಲ್ಲ.

ಇಷ್ಟೆಲ್ಲ ಬಲ್ಲ ಮನುಷ್ಯನ ಕಾರಿನಲ್ಲಿ ಥ್ರೆಡ್ಡು ಹೋದ ತೂತುಗಳು ಇಷ್ಟೊಂದು ಯಾಕೆ ಅಂತ ನೀವು ಕೇಳಬಹುದು. ವಿದ್ಯೆಗೆ ಕೊರತೆಯಿಲ್ಲ ಸ್ವಾಮಿ, ಕೊರತೆ ಇರುವುದು ನಿಲ್ಲಿಸುವುದರಲ್ಲಿ. ಬೋಲ್ಟು ಬಿಗಿಯಾಗಿ ಕೂತಿರುತ್ತದೆ. ಪಾನ ತೆಗೆಯಬೇಕು. ಆ ಗಳಿಗೆಯಲ್ಲಿ ರಾಯರ ಮುಖದ ಮೇಲೆ ಒಂದು ಸಂಶಯ ಹಾದುಹೋಗುತ್ತದೆ. ತುಟಿ ಕಚ್ಚುತ್ತಾರೆ. ‘ಇನ್ನೊಂದು ಕಾಲು ಸುತ್ತು’ ಅನ್ನುತ್ತಾರೆ. ಬಿಗಿಯಾಗಿದ್ದ ಬೋಲ್ಟು ಇದ್ದಕ್ಕಿದ್ದಂತೆ ಬೆಣ್ಣೆಯಲ್ಲಿ ತಿರುಗಿದಂತೆ ತಿರುಗುತ್ತದೆ. ಅವರ ಬಳಿ ಬಿಗಿಯ ಅಳತೆ ಹೇಳುವ ಟಾರ್ಕ್ ರೆಂಚು ಇಲ್ಲವೆಂದಲ್ಲ. ಆಯುಧಪೂಜೆಯ ದಿನ ಅದು ವೆಲ್ವೆಟ್ ಬಟ್ಟೆಯಿಂದ ಹೊರಬಂದು, ಕುಂಕುಮ ಹಚ್ಚಿಸಿಕೊಂಡು, ಬೂದುಗುಂಬಳಕಾಯಿ ಒಡೆದದ್ದು ನೋಡಿ, ಮತ್ತೆ ಒಳಗೆ ಹೋಗುತ್ತದೆ. ಉಳಿದ 364 ದಿನ ಮಣಿಕಟ್ಟೇ ರೆಂಚು.

ಒಮ್ಮೆ ಸೈಲೆನ್ಸರ್ ಕಡೆಯ ಸ್ಟಡ್ಡೊಂದು ಹೀಗೆಯೇ ಕಾಲು ಸುತ್ತಿಗೆ ತುಂಡಾಗಿ ಒಳಗೇ ಉಳಿಯಿತು. ಅದರ ನಡುವೆ ಸಣ್ಣ ತೂತು ಕೊರೆದು, ಉಲ್ಟಾ ಥ್ರೆಡ್ಡಿನ ಈಜಿ-ಔಟ್ ಎಂಬ ಸಾಧನ ಇಳಿಸಿ ಎಡಕ್ಕೆ ತಿರುಗಿಸಿದರೆ ತುಂಡು ಬೋಲ್ಟು ಹೊರಗೆ ಬರಬೇಕು ಎಂಬುದು ಶಾಸ್ತ್ರ. ರಾಯರು ಎಡಕ್ಕೂ ಒಂದು ಕಾಲು ಸುತ್ತು ಹೆಚ್ಚು ಕೊಟ್ಟರು. ಈಜಿ-ಔಟ್ ಒಳಗೇ ಮುರಿಯಿತು. ಅದು ಹದ ಮಾಡಿದ ಉಕ್ಕು, ಮಾಮೂಲಿ ಬಿಟ್ಟು ಅದರ ಮೇಲೆ ಜಾರುತ್ತದೆಯೇ ಹೊರತು ಕೊರೆಯುವುದಿಲ್ಲ. ಕೊನೆಗೆ ಪೀಣ್ಯಕ್ಕೆ ಹೊತ್ತುಕೊಂಡು ಹೋಗಿ, ವಿದ್ಯುತ್ ಕಿಡಿಯಿಂದ ಲೋಹ ಸವೆಸುವ ಯಂತ್ರದಲ್ಲಿ ತೆಗೆಸಬೇಕಾಯಿತು. ‘ಈಜಿ’ ಅನ್ನುವುದು ಅದನ್ನು ಮಾರುವವರ ಅನುಭವ ಇರಬೇಕು.

ರಾಯರಿಗೊಬ್ಬ ಪ್ರತಿಸ್ಪರ್ಧಿ ಇದ್ದಾರೆ. ಹಿಂದಿನ ರಸ್ತೆಯ ನಿವೃತ್ತ ದನದ ಡಾಕ್ಟರು. ಅವರದು ಅಂಬಾಸಿಡರ್. ಇಂಗ್ಲೆಂಡಿನ ಮಾರಿಸ್ ಆಕ್ಸ್‌ಫರ್ಡ್ ಕಾರಿನ ಮರಿ, ಹಾಗಾಗಿ ಮೈಯೆಲ್ಲ ಇಂಚಿನ ಲೆಕ್ಕ. ಇಟಲಿಯ ಫಿಯೆಟ್ ವಂಶದ ಪದ್ಮಿನಿ ಎಂಎಂ ಲೆಕ್ಕ. ಡಾಕ್ಟರ ಅರ್ಧ ಇಂಚಿನ ಪಾನ ಅಂದರೆ 12.7 ಎಂಎಂ, ರಾಯರ 8 ಎಂಎಂ ಬೋಲ್ಟಿನ ತಲೆ 13. ಸ್ಮಾರ್ತರ ಏಕಾದಶಿ, ವೈಷ್ಣವರ ಏಕಾದಶಿ ಇದ್ದ ಹಾಗೆ: ಹೊರಗಿನವರಿಗೆ ಎರಡೂ ಉಪವಾಸವೇ, ಒಳಗಿನವರಿಗೆ ಒಂದು ದಿನದ ವ್ಯತ್ಯಾಸ ಬ್ರಹ್ಮಾಂಡದಷ್ಟು. ರಾಯರ 13ರ ಪಾನ ಡಾಕ್ಟರ ನಟ್ಟಿಗೆ ಹಾಕಿದರೆ ಸಡಿಲವಾಗಿ ಕೂತು ಮೂಲೆ ಸವೆಸುತ್ತದೆ. ಡಾಕ್ಟರ ಪಾನ ರಾಯರ ಬೋಲ್ಟಿಗೆ ಕೂರುವುದೇ ಇಲ್ಲ. ಆದ್ದರಿಂದ ಇಬ್ಬರೂ 40 ವರ್ಷದಿಂದ ಪರಮಸ್ನೇಹಿತರು. ಒಬ್ಬರ ಪಾನ ಇನ್ನೊಬ್ಬರು ಕೇಳುವ ಪ್ರಸಂಗವೇ ಬಂದಿಲ್ಲವಲ್ಲ.

ಬಂತು, ಒಂದು ಭಾನುವಾರ. ಬೀಗರ ಕಡೆ ಮದುವೆ, ಹತ್ತೂವರೆಗೆ ಮುಹೂರ್ತ. ಎಂಟಕ್ಕೆ ಮನೆಯವರು ರೇಷ್ಮೆ ಸೀರೆ ಉಟ್ಟು ಹೂವು ಮುಡಿಯುತ್ತಿದ್ದಾಗ ರಾಯರಿಗೆ ರೇಡಿಯೇಟರ್ ಹೋಸಿನ ಬುಡದಲ್ಲಿ ಒಂದು ಹನಿ ನೀರು ಕಂಡಿತು. ‘ಐದೇ ನಿಮಿಷ’ ಅಂದರು. ಈ ಜನಾಂಗದ ಐದು ನಿಮಿಷ ಗೊತ್ತಿದ್ದ ಅಮ್ಮಾವರು ಹೂವನ್ನು ಮತ್ತೆ ಫ್ರಿಜ್ಜಿಗೆ ಇಟ್ಟರು.

ಸಿಲಿಂಡರ್ ಹೆಡ್ಡಿಗೆ ಕೂರುವ ಹೋಸಿನ ಮೂತಿ ಬಿಚ್ಚಿ, ಗ್ಯಾಸ್ಕೆಟ್ ಬದಲಿಸಿ, ಮತ್ತೆ ಹಾಕುವಾಗ ಒಂದು ಬೋಲ್ಟು ಕೈಜಾರಿತು. ಟಣ್, ಟಣ್, ಟಿಣ್ ಅಂತ ಮೂರು ಸದ್ದು ಕೇಳಿಸಿತು, ನಾಲ್ಕನೆಯದು ಕೇಳಿಸಲಿಲ್ಲ. ಎಂಜಿನ್ನಿನ ಮೇಲಿಂದ ಬಿದ್ದ ಬೋಲ್ಟು ನೆಲಕ್ಕೆ ಬರುವುದಿಲ್ಲ ಎಂಬುದು ನ್ಯೂಟನ್ನನಿಗೆ ತಿಳಿಯದೆ ಹೋದ ವಿಷಯ. ಬೋರ್ನ್‌ವಿಟಾ ಡಬ್ಬದಲ್ಲಿದ್ದ 63 ಬೋಲ್ಟುಗಳಲ್ಲಿ ಒಂದೂ ಆ ಉದ್ದದ್ದಲ್ಲ. ಎಸ್‌.ಪಿ. ರಸ್ತೆಗೆ ಭಾನುವಾರ ರಜೆ. ರಾಯರು ಕಚ್ಚೆಪಂಚೆಯಲ್ಲೇ ಹಿಂದಿನ ರಸ್ತೆಗೆ ಓಡಿದರು.

ಡಾಕ್ಟರು ಕೊಟ್ಟದ್ದು 5/16 ಇಂಚಿನ ಬೋಲ್ಟು. ದಪ್ಪ 7.94 ಎಂಎಂ. ಕಣ್ಣಿಗೂ ಕೈಗೂ ಅದು 8 ಎಂಎಂ ಬೋಲ್ಟೇ. ಆದರೆ ಅದರಲ್ಲಿ ಇಂಚಿಗೆ 24 ಸುತ್ತು, ರಾಯರ ತೂತಿನಲ್ಲಿ ಇಂಚಿಗೆ 20 ಮತ್ತು ಚೂರು. ಇಂಥ ಬೋಲ್ಟು ಮೊದಲ ಎರಡು ಸುತ್ತು ಹೊಸ ಅಳಿಯನ ಹಾಗೆ ನಗುನಗುತ್ತ ಒಳಗೆ ಬರುತ್ತದೆ, ಮೂರನೆಯದಕ್ಕೆ ಬಿಗಿದುಕೊಳ್ಳುತ್ತದೆ. ಇದು ರಾಯರಿಗೆ ಗೊತ್ತಿರಲಿಲ್ಲವೇ? ಹಿಂದಿನ ವಾರವಷ್ಟೇ ನನ್ನನ್ನು ಗೇಟಿನ ಬಳಿ ಮುಕ್ಕಾಲು ಗಂಟೆ ನಿಲ್ಲಿಸಿಕೊಂಡು, 1841ರಲ್ಲಿ ಜೋಸೆಫ್ ವಿಟ್‌ವರ್ತ್ ಎಂಬ ಇಂಗ್ಲಿಷ್ ಇಂಜಿನಿಯರು 55 ಡಿಗ್ರಿ ಕೋನದ ಥ್ರೆಡ್ಡನ್ನು ಎಲ್ಲರಿಗೂ ಒಂದೇ ಎಂದು ಗೊತ್ತುಮಾಡಲು ಹೊರಟದ್ದು, ಅಮೆರಿಕದವರು 60 ಡಿಗ್ರಿ ಹಿಡಿದದ್ದು, ಮಹಾಯುದ್ಧದಲ್ಲಿ ಒಬ್ಬರ ಬೋಲ್ಟು ಇನ್ನೊಬ್ಬರ ನಟ್ಟಿಗೆ ಕೂರದೆ ಪಟ್ಟ ಪಾಡು, 1948ರಲ್ಲಿ ರಾಜಿಯಾದದ್ದು, ಎಲ್ಲವನ್ನೂ ಹೇಳಿದ್ದರು. ನನ್ನ ಕೈಯಲ್ಲಿದ್ದ ಹಾಲಿನ ಪ್ಯಾಕೆಟ್ಟು ಅಷ್ಟರಲ್ಲಿ ಬೆಚ್ಚಗಾಗಿತ್ತು.

ಆದರೆ ಹತ್ತೂವರೆ ಮುಹೂರ್ತದ ಮುಂದೆ ವಿಟ್‌ವರ್ತ್ ಎಲ್ಲಿ? ಬೋಲ್ಟು ಬಿಗಿದುಕೊಂಡಿತು. ರಾಯರು 13ರ ಪಾನ ಹಾಕಿದರು. ಹೆಡ್ಡು ಅಲ್ಯೂಮಿನಿಯಂ, ಬೋಲ್ಟು ಉಕ್ಕು. ಯಾರು ಸೋಲುತ್ತಾರೆ ಅನ್ನುವುದರಲ್ಲಿ ಅನುಮಾನವಿರಲಿಲ್ಲ. ‘ಇನ್ನೊಂದು ಕಾಲು ಸುತ್ತು’ ಅಂದದ್ದು ನನ್ನ ಮನೆಯ ಅಡುಗೆಮನೆಗೂ ಕೇಳಿಸಿತು. ಹೊರಗೆಳೆದಾಗ ಬೋಲ್ಟಿನ ಮೈಗೆ ತೂತಿನ ಥ್ರೆಡ್ಡು ಸುರುಳಿಸುರುಳಿಯಾಗಿ, ಒರಳಿನಿಂದ ಆಗತಾನೆ ಒತ್ತಿದ ಚಕ್ಕುಲಿಯ ಹಾಗೆ ಸುತ್ತಿಕೊಂಡಿತ್ತು. ಅಮ್ಮಾವರು ಒಂದು ಮಾತೂ ಆಡದೆ ಆಟೋ ಕರೆದರು. ಮದುವೆಮನೆಯಲ್ಲಿ ರಾಯರು ಊಟಕ್ಕೆ ಕೂತಾಗ ಅವರ ಎಲೆಗೆ ಚಕ್ಕುಲಿ ಬಂತು. ಮುಟ್ಟಲಿಲ್ಲವಂತೆ.

ಇಂಥ ತೂತಿಗೆ ಮದ್ದು ಹೆಲಿಕಾಯಿಲ್. ಸ್ಟೇನ್‌ಲೆಸ್ ತಂತಿಯ ಸಣ್ಣ ಸ್ಪ್ರಿಂಗು. ಹಾಳಾದ ತೂತನ್ನು 8.3ರ ಬಿಟ್ಟಿನಿಂದ ಇನ್ನಷ್ಟು ಅಗಲ ಮಾಡಿ, ಅದಕ್ಕೆಂದೇ ಬರುವ ದಪ್ಪ ಟ್ಯಾಪು ಹೊಡೆದು, ಆ ಸ್ಪ್ರಿಂಗು ತಿರುಗಿಸಿ ಕೂರಿಸಿದರೆ, ಅದರೊಳಗೆ ಹಳೆಯ 8 ಎಂಎಂ ಬೋಲ್ಟೇ ಮತ್ತೆ ಹಿಡಿಯುತ್ತದೆ. ಮಂಗಳವಾರ ರಾಯರು ಕಿಟ್ಟು ತಂದರು. ಮುಂದಿನ ಭಾನುವಾರ ಶಸ್ತ್ರಚಿಕಿತ್ಸೆ, ನನಗೆ ಕರೆ.

ನನ್ನ ಕೆಲಸ ರಸಮಟ್ಟ. ಡ್ರಿಲ್ಲು ನೆಟ್ಟಗಿದೆಯೇ ಅಂತ ಒಂದು ಸಲ ಎದುರಿನಿಂದ, ಒಂದು ಸಲ ಪಕ್ಕದಿಂದ ಒಂದು ಕಣ್ಣು ಮುಚ್ಚಿ ನೋಡಿ ಹೇಳುವುದು. ಅರ್ಧ ಡಿಗ್ರಿ ವಾಲಿದರೂ ಬೋಲ್ಟು ಓರೆ. ರಾಯರು ಬಿಟ್ಟಿಗೆ ಆಳದ ಗುರುತಾಗಿ ಇನ್ಸುಲೇಷನ್ ಟೇಪು ಸುತ್ತಿದ್ದರು, ಅದರಿಂದ ಕೆಳಗೆ ಹೋದರೆ ನೀರಿನ ಕೋಣೆಗೇ ತೂತು. ಟ್ಯಾಪಿನ ಮೈಮೇಲಿನ ತೋಡುಗಳಿಗೆ ಗ್ರೀಸು ತುಂಬಿದ್ದರು, ಪುಡಿ ಒಳಗೆ ಉದುರದೆ ಅದಕ್ಕೇ ಅಂಟಲಿ ಅಂತ. ಅಲ್ಯೂಮಿನಿಯಂ ಕೊರೆಯಲು ಹಳಬರು ಬಳಸುವ ಸೀಮೆಎಣ್ಣೆ, ಅದೂ ಒಂದು ಔಷಧಿ ಸೀಸೆಯಲ್ಲಿ ಎಲ್ಲಿಂದಲೋ ಬಂದಿತ್ತು. ಅರ್ಧ ಸುತ್ತು ಮುಂದೆ, ಕಾಲು ಸುತ್ತು ಹಿಂದೆ, ಚೂರು ಮುರಿಯಲಿ ಅಂತ. ಆಗ ನೋಡಬೇಕಿತ್ತು ರಾಯರನ್ನು. ಆತುರವಿಲ್ಲ, ಮಾತಿಲ್ಲ. ಬೆರಳ ತುದಿಯಲ್ಲಿ 31 ವರ್ಷದ ಕಾರ್ಖಾನೆ. ಸ್ಪ್ರಿಂಗನ್ನು ತೂತಿನ ಬಾಯಿಂದ ಸರಿಯಾಗಿ ಕಾಲು ಸುತ್ತು ಕೆಳಗೆ ಇಳಿಸಿ ನಿಲ್ಲಿಸಿದರು. ಜೀವಮಾನದಲ್ಲಿ ಮೊದಲ ಸಲ ಅವರ ಕಾಲು ಸುತ್ತು ಬೇಕಾದ ಜಾಗದಲ್ಲಿ ಬಿತ್ತು.

‘ಇದು ಮೊದಲಿನ ಥ್ರೆಡ್ಡಿಗಿಂತ ಗಟ್ಟಿ, ಗೊತ್ತಾ?’ ಅಂದರು, ಕಾಫಿ ತಂದ ಅಮ್ಮಾವರ ಕಡೆ ನೋಡಿ. ಅದು ನಿಜವೂ ಹೌದು, ಮೆತ್ತನೆಯ ಅಲ್ಯೂಮಿನಿಯಮ್ಮಿಗೆ ಉಕ್ಕಿನ ಒಳಅಂಗಿ ಹಾಕಿದ ಹಾಗೆ.

‘ಹಾಗಾದ್ರೆ ಉಳಿದ ತೂತುಗಳನ್ನೂ ಇವತ್ತೇ ಕೆಡಿಸಿಬಿಡಿ’ ಅಂದರು ಅಮ್ಮಾವರು.

ಹೊಸ ಬೋಲ್ಟು ಕೈಯಲ್ಲೇ ಕೊನೆಯವರೆಗೆ ಇಳಿಯಿತು. ಬಿಗಿ ಮಾಡುವುದೊಂದು ಬಾಕಿ. ರಾಯರು 13ರ ಪಾನ ಎತ್ತಿಕೊಂಡರು. ನಾನೂ ಅಮ್ಮಾವರೂ ಒಂದೇ ಹೊತ್ತಿಗೆ ಉಸಿರು ಬಿಗಿಹಿಡಿದೆವು. ಅದು ಅವರಿಗೂ ಕೇಳಿಸಿರಬೇಕು. ಪಾನ ನೋಡಿದರು, ಬೋಲ್ಟು ನೋಡಿದರು, ಆಮೇಲೆ ನಾನು ಎಂದೂ ಊಹಿಸದ ಕೆಲಸ ಮಾಡಿದರು. ‘ತಗೊಳ್ಳೇ, ನೀನೇ ಬಿಗಿ ಮಾಡು’ ಅಂತ ಪಾನ ಅವರ ಕೈಗೆ ಕೊಟ್ಟರು.

ಅಮ್ಮಾವರು ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡರು. ಉಪ್ಪಿನಕಾಯಿ ಬಾಟಲಿಯ ಮುಚ್ಚಳ ಗಾಳಿಯಾಡದಷ್ಟು ಬಿಗಿಯಾಗಿರಬೇಕು, ನಾಳೆ ಬೆಳಿಗ್ಗೆ ತೆಗೆಯಲೂ ಬರಬೇಕು. 50 ವರ್ಷದಿಂದ ಆ ಹದ ಬಲ್ಲ ಕೈ. ತಿರುಗಿಸಿದರು, ಬಿಗಿಯಿತು, ನಿಲ್ಲಿಸಿದರು. ರಾಯರ ಬೆರಳುಗಳು ಪಂಚೆಯ ಅಂಚನ್ನು ಹಿಂಡುತ್ತಿದ್ದವು. ‘ಇನ್ನೊಂದು...’ ಅಂದರು. ಅಮ್ಮಾವರು ಆ ಪಾನವನ್ನೂ, ಗೋಡೆಯ ಮೇಲಿದ್ದ 13ರ ರಿಂಗು, ಬಾಕ್ಸು, ಟಿ-ಸ್ಪ್ಯಾನರುಗಳನ್ನೂ ಒಟ್ಟುಮಾಡಿ ಒಳಗೆ ಒಯ್ದು ಬೀರುವಿನಲ್ಲಿಟ್ಟು ಬೀಗ ಹಾಕಿದರು. ಬೀಗವನ್ನು ಎರಡು ಸಲ ಎಳೆದು ನೋಡಲಿಲ್ಲ ಎಂಬುದನ್ನು ನಾನು ಗಮನಿಸಿದೆ.

ಅವತ್ತು ರಾತ್ರಿ ಹತ್ತಕ್ಕೆ ಒಂದು ಟಾರ್ಚಿನ ಬೆಳಕು ಹಿಂದಿನ ರಸ್ತೆಯ ಕಡೆ ಹೋಗಿ ಬಂತು. ಬೆಳಿಗ್ಗೆ ವಾಕಿಂಗಿನಲ್ಲಿ ಸಿಕ್ಕ ಡಾಕ್ಟರು, ‘ನಿಮ್ಮ ರಾಯರು ನನ್ನ ಅರ್ಧ ಇಂಚಿನ ಪಾನ ತಗೊಂಡು ಹೋಗಿದಾರೆ ಕಣ್ರೀ. ಎಂಎಂ ಗಾಡಿಗೆ ಅದು ಯಾಕೆ?’ ಅಂದರು. 12.7ರ ಬಾಯಿ 13ರ ತಲೆಗೆ ಕೂರುವುದಿಲ್ಲ. ಸದ್ಯ, 0.3 ಎಂಎಂ ಕಾರನ್ನು ಉಳಿಸಿತು ಅಂದುಕೊಂಡು ನಿಶ್ಚಿಂತೆಯಿಂದ ಮನೆಗೆ ಬಂದೆ.

ಪೇಪರ್ ಬಿಡಿಸಿ ಕೂತೆನೋ ಇಲ್ಲವೋ, ರಾಯರ ಗ್ಯಾರೇಜಿನಿಂದ ಸದ್ದು ಬರತೊಡಗಿತು. ಕಿರ್ರ್, ಕಿರ್ರ್, ಕಿರ್ರ್. ಅರದ ಸದ್ದು. ಹೋಗಿ ಇಣುಕಿದೆ. ವೈಸಿನಲ್ಲಿ ಡಾಕ್ಟರ ಪಾನ ಬಾಯಿ ಮೇಲೆ ಮಾಡಿ ಕೂತಿತ್ತು. ರಾಯರು ನಾಲ್ಕು ಸಲ ಉಜ್ಜುವರು, ವರ್ನಿಯರ್ ಹಿಡಿದು ನೋಡುವರು, ಮತ್ತೆ ನಾಲ್ಕು ಸಲ ಉಜ್ಜುವರು.

‘ಎಲ್ಲಿಗೆ ಬಂತು ಸಾರ್?’ ಅಂದೆ.

‘ಮೆಲ್ಲಗೆ ಮಾತಾಡಪ್ಪ, ಒಳಗೆ ಕೇಳಿಸುತ್ತೆ’ ಅಂದರು ರಾಯರು, ಕನ್ನಡಕ ಹಣೆಗೇರಿಸಿ. ‘12.85.’